ಹಳೇ ಕನ್ಸೋಲ್ ಆಟಗಳ ಪಿಸಿ ಪೋರ್ಟ್: ಎಮ್ಯುಲೇಟರ್ ಬಿಟ್ಟು ಇದಕ್ಕೆ ಬರಬಹುದಾ?

ಬಾಳೆಬೈಲು_ಹುಡುಗ
ಎಲ್ರಿಗೂ ನಮಸ್ಕಾರ. ತೀರ್ಥಹಳ್ಳಿ ಕಡೆಯವನು. ಮನೇಲಿರೋದು ಅಣ್ಣ ಬಿಟ್ಟು ಹೋದ ಹಳೇ ಲ್ಯಾಪ್‌ಟಾಪ್. ಮೂರನೇ ಜನರೇಷನ್ ಐ3, ಇಂಟೆಲ್ ಎಚ್‌ಡಿ 4000, 8 ಜಿಬಿ ರ್‍ಯಾಮ್. ಬ್ಯಾಟರಿ ಸತ್ತು ಯಾವ ಕಾಲ ಆಯ್ತೋ, ಕರೆಂಟ್ ಹೋದ್ರೆ ಅದೂ ಹೋಯ್ತು. ಈ ಮಳೇಲಿ ಹೊರಗೆ ಕಾಲಿಡೋ ಹಂಗಿಲ್ಲ, ಹಳೇ ಆಟ ಆಡಣ ಅಂತ ನಿಂಟೆಂಡೊ 64ರ ಎಮ್ಯುಲೇಟರ್ ಹಾಕ್ಕೊಂಡೆ. ಜೆಲ್ಡಾ ಒಕಾರಿನಾ ಆಫ್ ಟೈಮ್ ಓಡುತ್ತೆ, ಆದ್ರೆ ಮೆನು ತೆಗೆದ್ರೆ ತಡವರಿಸುತ್ತೆ, ಶಬ್ದ ಕರಕರ ಅನ್ನುತ್ತೆ, ಸೆಟ್ಟಿಂಗ್ ಎಂತ ಬದಲಾಯಿಸಿದ್ರೂ ಆಟ ಕುಂಟಿಕೊಂಡೇ ಹೋಗುತ್ತೆ.

ಬೆಂಗಳೂರಲ್ಲಿರೋ ಭಾವ ಹೇಳ್ತಾರೆ, ಎಮ್ಯುಲೇಟರ್ ಎಂತಕ್ಕೆ, ಅದೇ ಆಟದ ನೇಟಿವ್ ಪಿಸಿ ಪೋರ್ಟ್ ಇದೆ, ಬೆಣ್ಣೆ ಹಂಗೆ ಓಡುತ್ತೆ ಅಂತ. ಎರಡಕ್ಕೂ ಫರಕ್ ಏನು? ನನ್ನ ಡಬ್ಬದಲ್ಲಿ ಓಡುತ್ತಾ? ಮತ್ತೆ ಇದು ಕಳ್ಳಮಾಲಾ?

ಹುಂಚದಕಟ್ಟೆ
ಕಳ್ಳಮಾಲು ಅಂತ ಈಗ ನೆನಪಾಯ್ತಾ? ಎಮ್ಯುಲೇಟರಿಗೆ ಹಾಕಿದ ರಾಮ್ ಫೈಲ್, ಅದೇ ಕಾರ್ಟ್ರಿಜ್‌ನಲ್ಲಿರೋ ಆಟದ ನಕಲು, ಎಲ್ಲಿಂದ ತಂದೆ ಮಾರಾಯ?

ಗೋಪಿಸರ್ಕಲ್_ಗುರು
ಗುರು ಸಿಂಪಲ್. ನಿಂಟೆಂಡೊದ ಸೋರ್ಸ್ ಕೋಡ್ ಲೀಕ್ ಆಯ್ತು, ಅದನ್ನ ಪಿಸಿಗೆ ಕಂಪೈಲ್ ಮಾಡಿದ್ರು, ಅಂದ್ರೆ ಪಿಸಿಲಿ ಓಡೋ ರೂಪಕ್ಕೆ ತಿರುಗಿಸಿದ್ರು, ಪೋರ್ಟ್ ಬಂತು. ಕಳ್ಳಮಾಲೇ.

ಸಾಗರದಕ್ಕ
@ಗೋಪಿಸರ್ಕಲ್_ಗುರು ಕಾಲ ತಿರುಗಾಮುರುಗಾ ಮಾಡ್ತಿದೀಯ. ನಿಂಟೆಂಡೊದ ಒಳಗಿನ ಫೈಲುಗಳು ದೊಡ್ಡದಾಗಿ ಸೋರಿದ್ದು 2020ರ ಜುಲೈಲಿ. ಮಾರಿಯೊ 64ರ ಪಿಸಿ ಪೋರ್ಟ್ ಅದೇ ವರ್ಷ ಮೇ ತಿಂಗಳಲ್ಲೇ ಹೊರಗೆ ಬಂದಿತ್ತು. ಅದಕ್ಕೆ ಆಧಾರವಾದ ಡಿಕಂಪೈಲ್ ಕೋಡ್ (ಆಟ ಬಿಚ್ಚಿ ಓದಿ ಪುನಃ ಬರೆದ ಕೋಡ್) ಅದಕ್ಕೂ ಹಿಂದಿನ ವರ್ಷದ್ದು. ಲೀಕಿಗೂ ಇದಕ್ಕೂ ಸಂಬಂಧ ಇಲ್ಲ.

@ಬಾಳೆಬೈಲು_ಹುಡುಗ ಮೊದಲು ಆ ಕುಂಟೋ ವಿಚಾರ. ಒಕಾರಿನಾ 1998ರಲ್ಲಿ ಬಂದಾಗಲೇ ಸೆಕೆಂಡಿಗೆ 20 ಫ್ರೇಮ್. ಅದು ನಿನ್ನ ಲ್ಯಾಪ್‌ಟಾಪ್ ತಪ್ಪಲ್ಲ. ಎಮ್ಯುಲೇಟರ್ ಮಾಡೋದು ಆ ಯಂತ್ರದ ನಕಲು: 93.75 ಮೆಗಾಹರ್ಟ್ಸ್‌ನ ಪ್ರೊಸೆಸರ್, 4 ಎಂಬಿ ಮೆಮೊರಿ, ಗ್ರಾಫಿಕ್ಸ್ ಚಿಪ್, ಎಲ್ಲಾನೂ ಸಾಫ್ಟ್‌ವೇರಲ್ಲಿ ಕಟ್ಟಿ ಒಳಗೆ ಆಟ ಓಡಿಸುತ್ತೆ. ತಾನು ಪಿಸಿ ಮೇಲಿದೀನಿ ಅಂತ ಆಟಕ್ಕೆ ಗೊತ್ತೇ ಇರಲ್ಲ. ಆ 20 ಫ್ರೇಮನ್ನೂ ಅದು ನಿಷ್ಠೆಯಿಂದ ನಕಲು ಮಾಡುತ್ತೆ.

ಪೋರ್ಟಲ್ಲಿ ಆ ಯಂತ್ರನೇ ಇಲ್ಲ. ಕಾರ್ಟ್ರಿಜ್‌ನಲ್ಲಿರೋ ಮಷಿನ್ ಕೋಡನ್ನ ವರ್ಷಗಟ್ಟಲೆ ಕೂತು ಓದಿ, ಪುನಃ ಸಿ ಭಾಷೆಲಿ ಬರೀತಾರೆ. ಬರೆದಿದ್ದು ಸರಿ ಇದೆಯಾ ಅಂತ ನೋಡೋ ಪರೀಕ್ಷೆ ಭಾರಿ ಕಟ್ಟುನಿಟ್ಟು. ಆ ಕಾಲದ ಸಿಲಿಕಾನ್ ಗ್ರಾಫಿಕ್ಸ್ ಕಂಪೈಲರಿಗೇ ಆ ಕೋಡ್ ಕೊಟ್ಟಾಗ ಹುಟ್ಟೋ ಫೈಲು ಮೂಲದ ಜೊತೆ ಒಂದೊಂದು ಬೈಟೂ ತಾಳೆ ಆಗಬೇಕು. ಒಂದು ಬೈಟ್ ಹೆಚ್ಚುಕಮ್ಮಿ ಆದ್ರೂ ಕೋಡಿನ ಆ ತುಂಡು ಮುಗೀಲಿಲ್ಲ ಅಂತಲೇ ಲೆಕ್ಕ. ಮಾರಿಯೊ 64 ಬೇಗ ದಕ್ಕಿದ್ದಕ್ಕೆ ಒಂದು ಕಾರಣ ಇದೆ: ಅದರ ಜಪಾನ್ ಮತ್ತು ಅಮೆರಿಕ ಆವೃತ್ತಿಗಳನ್ನ ಆಪ್ಟಿಮೈಸ್ ಮಾಡದೇ, ಅಂದ್ರೆ ವೇಗಕ್ಕೆ ಅಂತ ಕೋಡನ್ನ ತಿದ್ದದೇ, ಕಂಪೈಲ್ ಮಾಡಿ ಮಾರಿದ್ರು. ಹಂಗಾಗಿ ಮಷಿನ್ ಕೋಡ್ ನೋಡಿ ಮೂಲದ ಸಾಲು ಊಹಿಸೋದು ಸುಲಭ ಆಯ್ತು.

ಒಕಾರಿನಾದ್ದು ಮುಗಿದಿದ್ದು 2021ರ ನವೆಂಬರಲ್ಲಿ. ಮುಂದಿನ ವರ್ಷನೇ ಶಿಪ್ ಆಫ್ ಹಾರ್ಕೀನಿಯನ್ ಬಂತು. ನಿಮ್ಮ ಭಾವ ಹೇಳಿದ್ದು ಅದನ್ನೇ ಇರಬೇಕು. ವಿಂಡೋಸಲ್ಲಿ ಆಟದ ಚಿತ್ರ ಬರೆಸೋ ಡೈರೆಕ್ಟ್3ಡಿ 11 ಇದ್ರೆ ಸಾಕು, ನಿನ್ನ ಎಚ್‌ಡಿ 4000ಕ್ಕೆ ಅದು ಬರುತ್ತೆ.

ಬಾಳೆಬೈಲು_ಹುಡುಗ
ಅಕ್ಕಾ, ಪೋರ್ಟಲ್ಲಿ 60 ಫ್ರೇಮ್ ಬರುತ್ತೆ ಅಂತಾರಲ್ಲ, ಮೂಲ 20 ಆದ್ರೆ ಅದು ಹೆಂಗೆ? ಆಟ ಮೂರು ಪಟ್ಟು ಜೋರು ಓಡಲ್ವಾ?

ಸಾಗರದಕ್ಕ
ಓಡಲ್ಲ. ಆಟದ ಲೆಕ್ಕಾಚಾರ ಈಗಲೂ ಸೆಕೆಂಡಿಗೆ 20 ಸಲನೇ ನಡೆಯೋದು. ಆಟದ ನಾಯಕ ಲಿಂಕ್ ಈ ಹೆಜ್ಜೇಲಿ ಇಲ್ಲಿದ್ದ, ಮುಂದಿನದ್ರಲ್ಲಿ ಅಲ್ಲಿರ್ತಾನೆ ಅಂತ ಗೊತ್ತಾದ ಮೇಲೆ ನಡುವಿನ ಜಾಗಗಳನ್ನ ಪೋರ್ಟ್ ಲೆಕ್ಕ ಹಾಕಿ ಚಿತ್ರ ಬರೆಯುತ್ತೆ. ಆಟದ ನಿಯಮ ಮುಟ್ಟಿಲ್ಲ, ಚಿತ್ರ ಮಾತ್ರ ಹೆಚ್ಚು. ಗುಂಡಿ ಒತ್ತಿದ್ದು ಆಟಕ್ಕೆ ತಲುಪೋದೂ ಆ 20ರ ಲೆಕ್ಕದಲ್ಲೇ. ಅದಕ್ಕೇ ಕೆಲವರಿಗೆ ನೋಡೋಕೆ ನುಣುಪು, ಕೈಗೆ ಮಾತ್ರ ಹಳೇದರ ತರನೇ ಅನ್ಸುತ್ತೆ.

ಕ್ಯಾಸೆಟ್_ಊದೋನು
ನಾನು ಇದಕ್ಕೆ ಪೂರ್ತಿ ವಿರೋಧ. 60 ಫ್ರೇಮ್, ಅಗಲ ಪರದೆ, 4ಕೆ ಟೆಕ್ಸ್‌ಚರು. ಇದನ್ನೆಲ್ಲ ಹಾಕಿದ ಮೇಲೆ ಅದು 1998ರ ಆಟ ಹೆಂಗಾಗುತ್ತೆ? ಮಾಡಿದವರು 4:3 ಚೌಕಟ್ಟಿಗೆ ಅಂತ ಕ್ಯಾಮೆರಾ ಇಟ್ಟಿದ್ದು. ಅಗಲ ಮಾಡಿದ್ರೆ ಕಟ್‌ಸೀನಲ್ಲಿ (ಆಟದ ನಡುವೆ ಬರೋ ಸಿನಿಮಾ ತರದ ದೃಶ್ಯ) ಅಂಚಿನ ಆಚೆ ತಮ್ಮ ಸರದಿಗೆ ಕಾಯ್ತಾ ನಿಂತ ಪಾತ್ರಗಳೂ ಕಾಣ್ತವೆ. ನಾನೇ ನೋಡಿದೀನಿ, ಅಸಹ್ಯ.

ಭದ್ರಾವತಿ_ಬಾಯ್ಲರ್
ಅಣ್ಣಾ, ಕ್ಯಾಸೆಟ್ ಊದಿ ಊದಿ ಶ್ವಾಸಕೋಶ ಹೋಗಿರೋ ನೀವು ನಿಂಟೆಂಡೊ 64ನ ಕಣ್ಣಲ್ಲಾದ್ರೂ ಕಂಡಿದೀರಾ? ನಮ್ಮ ಕಾಲಕ್ಕೆ ಬಂದಿದ್ದು ದುರ್ಗಿಗುಡಿ ಅಂಗಡಿಯ ನಕಲಿ 8 ಬಿಟ್ ಡಬ್ಬ, ಅದ್ರ ಮೇಲೆ "9999 ಆಟ" ಅಂತ ಬರೆದ ಹಳದಿ ಕ್ಯಾಸೆಟ್. ಒಳಗೆ ಅದೇ ಕಾಂಟ್ರಾ, ಅದೇ ಮಾರಿಯೊ, ಬೇರೆ ಬೇರೆ ಬಣ್ಣದಲ್ಲಿ.

ಕ್ಯಾಸೆಟ್_ಊದೋನು
ಕಾಣದಿದ್ರೆ ಅಭಿಪ್ರಾಯ ಇರಬಾರದಾ?

ಕೊಪ್ಪದ_ಕಾಫಿ
ಅಗಲ ಪರದೆ, ಫ್ರೇಮು ಎಲ್ಲಾ ಮೆನುಲಿ ಬಿಡೋ ಆಯ್ಕೆ ಅಣ್ಣ. ಬೇಡ ಅಂದ್ರೆ 20ಕ್ಕೇ ಇಟ್ಟು 4:3ರಲ್ಲಿ ಆಡಿ, ಯಾರು ಬೇಡ ಅಂದ್ರು? ನನಗೆ ಅದಕ್ಕಿಂತ ದೊಡ್ಡದು ಬೇರೆ ಇದೆ. ಶಿಪ್ ಆಫ್ ಹಾರ್ಕೀನಿಯನ್‌ನಲ್ಲಿ ಪೆಟ್ಟಿಗೆಗಳಲ್ಲಿರೋ ವಸ್ತುಗಳನ್ನ ಕಲಸಿ ಹಾಕೋ ರ್‍ಯಾಂಡಮೈಜರ್ ಒಳಗೇ ಬರುತ್ತೆ. ಡೈಲಾಗ್ ಓದಿ ಹೇಳೋ ಸೌಲಭ್ಯನೂ ಇದೆ, ಕಣ್ಣು ಮಂಜಾದವರಿಗೆ ಅದು ಸಣ್ಣ ವಿಷಯ ಅಲ್ಲ. ಕೋಡ್ ಕೈಯಲ್ಲಿದ್ರೆ ಮಾತ್ರ ಇಂಥದ್ದೆಲ್ಲ ಸಲೀಸು.

ಕ್ಯಾಸೆಟ್_ಊದೋನು
ಸರಿ, ಟ್ಯುರಾಕ್ ಆಟ ತಗೊಳಿ. 1997ರದ್ದು. ಅದರ ಜೀವ ಇದ್ದಿದ್ದೇ ಮಂಜಲ್ಲಿ. ಹತ್ತು ಹೆಜ್ಜೆ ಆಚೆ ಎಂತ ಇದೆ ಗೊತ್ತಾಗ್ತಿರಲಿಲ್ಲ, ಡೈನೊಸಾರ್ ಎದುರಿಗೆ ಬಂದ ಮೇಲೇ ಕಾಣೋದು. 2015ರಲ್ಲಿ ನೈಟ್‌ಡೈವ್ ಕಂಪನಿಯವರು ಪಿಸಿಗೆ ಹೊಸದಾಗಿ ತಂದಾಗ ಮಂಜನ್ನ ದೂರ ತಳ್ಳಿದ್ರು. ಮಂಜು ತೆಗೆದ ಆಗುಂಬೆ ಆಯ್ತದು, ಬಸ್‌ಸ್ಟ್ಯಾಂಡ್ ಒಂದೇ ಉಳೀತು.

ಸಾಗರದಕ್ಕ
ಮಂಜು ಹಾಕಿದ್ದು ಕಲೆಗಲ್ಲ, ದೂರದ್ದನ್ನ ಬರೆಯೋ ತಾಕತ್ತು ಯಂತ್ರಕ್ಕೆ ಇಲ್ಲದಿದ್ದಕ್ಕೆ.

ಕ್ಯಾಸೆಟ್_ಊದೋನು
ಕಾರಣ ಏನೇ ಇರಲಿ ತಂಗಿ, ಆಟ ಕಟ್ಟಿದವರು ಆ ಮಂಜು ಇರುತ್ತೆ ಅಂತ ಗೊತ್ತಿದ್ದೇ ಮೂಲೆ ಮೂಲೆಗೆ ವೈರಿಗಳನ್ನ ನಿಲ್ಲಿಸಿದ್ದು. ಈಗ ದೂರದಿಂದಲೇ ಕಾಣ್ತವೆ, ನಿಂತಲ್ಲೇ ಬಾಣ ಬಿಟ್ಟು ಮುಗಿಸಬಹುದು. ಚಂದ ಹೆಚ್ಚಾಯ್ತು, ಹೆದರಿಕೆ ಹೋಯ್ತು.

ಹುಂಚದಕಟ್ಟೆ
ಈ ಮಾತಿಗೆ ಊದೋ ಅಣ್ಣನ ಪಕ್ಷ ನಾನು.

ಲಾಯರ್_ಗೌಡ್ರು
ಮೂಲ ಪ್ರಶ್ನೆಗೆ ಯಾರೂ ಉತ್ತರ ಕೊಡಲಿಲ್ಲವಲ್ಲ, ಕಳ್ಳಮಾಲಾ ಅಂತ. ನಮ್ಮ ಕೃತಿಸ್ವಾಮ್ಯ ಕಾಯ್ದೆ 1957ರ ಸೆಕ್ಷನ್ 52 ನೋಡಿ. ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯನ್ನ ಕಾನೂನುಬದ್ಧವಾಗಿ ಇಟ್ಟುಕೊಂಡವರು ಹಾಳಾಗದಂತೆ, ಕಳೆಯದಂತೆ ಬ್ಯಾಕಪ್ ಮಾಡ್ಕೊಳ್ಳಬಹುದು. ಪ್ರೋಗ್ರಾಮ್ ಹೇಗೆ ಕೆಲಸ ಮಾಡುತ್ತೆ ಅಂತ ತಿಳಿಯೋಕೆ ಅದನ್ನ ಗಮನಿಸೋದು, ಅಧ್ಯಯನ ಮಾಡೋದು, ಪರೀಕ್ಷಿಸೋದಕ್ಕೂ ಅಲ್ಲಿ ಜಾಗ ಇದೆ. ಆದರೆ ಮೂಲದ ಪ್ರತಿ ನಿಮ್ಮದಿರಬೇಕು. ಮತ್ತು ಅದನ್ನ ಊರಿಗೆಲ್ಲ ಹಂಚೋದಕ್ಕೆ ಆ ಸೆಕ್ಷನ್ ರಕ್ಷಣೆ ಕೊಡಲ್ಲ. 2012ರ ತಿದ್ದುಪಡಿಯಲ್ಲಿ 65ಎ ಬಂದ ಮೇಲೆ ನಕಲು ತಡೆಯೋ ಡಿಜಿಟಲ್ ಬೀಗ ಒಡೆಯೋ ವಿಚಾರನೂ ಸೇರಿಕೊಂಡಿದೆ.

ಪೋರ್ಟ್ ಮಾಡೋರು ಅದಕ್ಕೇ ಹುಷಾರು. ಅವರು ಕೊಡೋದು ಕೋಡ್ ಮಾತ್ರ. ಚಿತ್ರ, ಸಂಗೀತ, ಮಟ್ಟಗಳು ಯಾವುದೂ ಅದರಲ್ಲಿ ಇಲ್ಲ. ಮೊದಲ ಸಲ ತೆರೆದಾಗ ನಿಮ್ಮ ರಾಮ್ ಫೈಲ್ ಕೇಳುತ್ತೆ, ಸರಿಯಾದ ಆವೃತ್ತಿಯೇ ಅಂತ ತಾಳೆ ನೋಡುತ್ತೆ, ಅದರಿಂದ ಬೇಕಾದ್ದು ಬಿಚ್ಚಿಕೊಳ್ಳುತ್ತೆ. ಮಾರಿಯೊ 64ರಲ್ಲಿ ಹೊಡೆತ ಬಿದ್ದಿದ್ದೇ ಇಲ್ಲಿ. ಚಿತ್ರ, ಸಂಗೀತ ಎಲ್ಲ ಒಳಗೇ ಸೇರಿಸಿದ ರೆಡಿ ಇಎಕ್ಸ್‌ಇ ಹರಿದಾಡಿತು, ನಿಂಟೆಂಡೊ ಕೊಂಡಿಗಳನ್ನ ತೆಗೆಸಿತು.

ಬಾಳೆಬೈಲು_ಹುಡುಗ
ಗೌಡ್ರೇ, ನಮ್ಮ ಕಡೆ ಯಾರ ಮನೇಲೂ ನಿಂಟೆಂಡೊ 64 ಇರ್ಲೇ ಇಲ್ಲ. ಮೂಲದ ಪ್ರತಿ ಎಲ್ಲಿಂದ ತರೋದು?

ಲಾಯರ್_ಗೌಡ್ರು
ಸೆಕೆಂಡ್‌ಹ್ಯಾಂಡ್ ಕಾರ್ಟ್ರಿಜ್ ತರಿಸಿ, ಡಂಪ್ ಮಾಡೋ ಉಪಕರಣನೂ ತರಿಸಿ. ದುಬಾರಿ ಅಂತ ಗೊತ್ತು. ಕಾನೂನು ಕೇಳಿದ್ರಿ, ಹೇಳಿದೆ.

ಭದ್ರಾವತಿ_ಬಾಯ್ಲರ್
ಕಸ್ಟಮ್ಸ್ ಕಟ್ಟಿ, ಕೊರಿಯರ್ ಕಟ್ಟಿ, ಆ ದುಡ್ಡಿಗೆ ಹುಡುಗ ಹೊಸ ಲ್ಯಾಪ್‌ಟಾಪ್ ಬ್ಯಾಟರಿ ಹಾಕಿಸ್ಕೊಂಡು ಮಿಕ್ಕಿದ್ರಲ್ಲಿ ಒಂದು ಡ್ರಮ್ ಮೈಲುತುತ್ತ ತರಬಹುದು.

ಮಾರೋರು ಮಾರ್ತಿದ್ರೆ ನಾವೂ ಕೊಳ್ತೀವಿ. ಅಮೆರಿಕದ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಷನ್ 2023ರಲ್ಲಿ ಲೆಕ್ಕ ತೆಗೆದಿತ್ತಲ್ಲ, 2010ಕ್ಕೆ ಮೊದಲು ಅಲ್ಲಿ ಬಿಡುಗಡೆಯಾದ ಹಳೇ ಆಟಗಳಲ್ಲಿ 87% ಈಗ ಅಂಗಡಿಲಿ ಸಿಗಲ್ಲ ಅಂತ. ಅಲ್ಲೇ ಹಿಂಗೆ. ನಾವು ಯಾವ ಲೆಕ್ಕ?

ಕೊಪ್ಪದ_ಕಾಫಿ
ಒಂದು ದಾರಿ ಇದೆ. ಪಿಎಸ್2 (ಪ್ಲೇಸ್ಟೇಷನ್ 2) ನಮ್ಮಲ್ಲಿ ಅಂಗಡಿಗೇ ಬಂದಿತ್ತು, ಒರಿಜಿನಲ್ ಡಿಸ್ಕ್ ಇಟ್ಟುಕೊಂಡವರು ಇನ್ನೂ ಇದ್ದಾರೆ. ಜ್ಯಾಕ್ ಅಂಡ್ ಡ್ಯಾಕ್ಸ್‌ಟರ್ (2001) ಡಿಸ್ಕ್ ಇದ್ರೆ ಓಪನ್‌ಗೋಲ್ ಅನ್ನೋ ಪ್ರಾಜೆಕ್ಟ್ ನೋಡಿ. ಆ ಆಟ ಕಟ್ಟಿದ ನಾಟಿ ಡಾಗ್‌ನವರು ಲಿಸ್ಪ್ ಜಾತಿಯ ಗೋಲ್ ಅನ್ನೋ ಸ್ವಂತ ಭಾಷೆ ಮಾಡಿಕೊಂಡು, ಆಟದ ಶೇಕಡಾ 98ಕ್ಕಿಂತ ಹೆಚ್ಚು ಕೋಡನ್ನ ಅದ್ರಲ್ಲೇ ಬರೆದಿದ್ರು. ಹಂಗಾಗಿ ಈ ಪ್ರಾಜೆಕ್ಟಿನವರು ಆಟ ಬಿಚ್ಚೋ ಮೊದಲು ಆ ಭಾಷೆಗೇ ಹೊಸ ಕಂಪೈಲರ್ ಕಟ್ಟಬೇಕಾಯ್ತು. ಹುಚ್ಚರೇ ಸೈ.

ನನ್ನ ಡಿಸ್ಕಿಗೆ ಮಾತ್ರ ಮಳೆಗಾಲದ ಬೂಷ್ಟು ಹತ್ತಿದೆ. ಪಿಎಸ್2ರ ಲೆನ್ಸ್ ಥಂಡಿಗೆ ಸತ್ತು ಎಷ್ಟೋ ವರ್ಷ ಆಯ್ತು. ಅಕ್ಕಿ ಡಬ್ಬದಲ್ಲಿ ಇಟ್ಟು ನೋಡಿದೆ, ಅಮ್ಮ ಬೈದ್ರು.

ಗೋಪಿಸರ್ಕಲ್_ಗುರು
ಒರಿಜಿನಲ್ ಡಿಸ್ಕಾ 😂 ಶಿವಮೊಗ್ಗದಲ್ಲಿ ನಕಲಿ ಡಿಸ್ಕ್ ಓಡಿಸೋ ಚಿಪ್ ಹಾಕಿಸದ ಪಿಎಸ್2 ಯಾರ ಹತ್ರ ಇತ್ತು ಗುರು? ನಾವು ಆಡಿದ್ದೆಲ್ಲ ಮಾರ್ಕರಲ್ಲಿ ಹೆಸರು ಬರೆದ ಸಿಡಿ.

ಹುಂಚದಕಟ್ಟೆ
ಅದೂ ಹೆಸರು ತಪ್ಪಾಗಿ.

ಸಾಗರದಕ್ಕ
@ಕೊಪ್ಪದ_ಕಾಫಿ ಸಲಹೆ ಒಳ್ಳೇದೇ, ಆದ್ರೆ ಹುಡುಗನ ಯಂತ್ರದಲ್ಲಿ ಓಡಲ್ಲ. ಓಪನ್‌ಗೋಲ್‌ಗೆ ಓಪನ್‌ಜಿಎಲ್ 4.3 ಬೇಕು, ಅದೂ ಡೈರೆಕ್ಟ್3ಡಿ ತರ ಚಿತ್ರ ಬರೆಸೋದೇ. ವಿಂಡೋಸಲ್ಲಿ ಎಚ್‌ಡಿ 4000 ನಿಲ್ಲೋದು 4.0ಕ್ಕೆ.

ಬಾಳೆಬೈಲು_ಹುಡುಗ
ಒಕಾರಿನಾ ಆದ್ಮೇಲಿನ ಜೆಲ್ಡಾ ಆಟ ಮೇಜೊರಾಸ್ ಮಾಸ್ಕ್ ಕೂಡ ಪಿಸಿಗೆ ಬಂದಿದೆಯಂತಲ್ಲ ಅಕ್ಕಾ? ಹುಡುಕಿದ್ರೆ ಎರಡು ಬೇರೆ ಬೇರೆ ಹೆಸರು ತೋರಿಸ್ತಿದೆ.

ಸಾಗರದಕ್ಕ
ಎರಡೂ 2024ರ ಮೇ ತಿಂಗಳಲ್ಲಿ ಬಂದವೇ. ದಾರಿ ಮಾತ್ರ ಬೇರೆ.

ಟೂ ಶಿಪ್ ಟು ಹಾರ್ಕೀನಿಯನ್ ಅನ್ನೋದು ಮೇಲೆ ಹೇಳಿದ ಡಿಕಂಪೈಲ್ ದಾರೀದು, ಮನುಷ್ಯರು ಓದಿ ಬರೆದ ಕೋಡ್. ಇನ್ನೊಂದು ಜೆಲ್ಡಾ 64 ರಿಕಂಪೈಲ್ಡ್. ಅದರಲ್ಲಿ ಮನುಷ್ಯ ಕೂತು ಅರ್ಥ ಮಾಡ್ಕೊಳ್ಳೋ ಹಂತ ಇಲ್ಲ. ಒಂದು ಟೂಲ್ ಮಷಿನ್ ಕೋಡಿನ ಒಂದೊಂದು ಆದೇಶನೂ ನೇರ ಸಿ ಸಾಲಾಗಿ ಪರಿವರ್ತಿಸುತ್ತೆ, ಆ ಸಿಯನ್ನ ನಿನ್ನ ಪಿಸಿಗೆ ಕಂಪೈಲ್ ಮಾಡ್ತಾರೆ. ಆ ಸಿ ಓದೋಕೆ ಹೋದ್ರೆ ತಲೆ ಕೆಡುತ್ತೆ, ಆದ್ರೆ ಓಡುತ್ತೆ. ಎಮ್ಯುಲೇಟರ್ ಆಟ ಓಡುವಾಗ ಮಾಡೋ ಅನುವಾದವನ್ನ ಇದು ಮೊದಲೇ ಮುಗಿಸಿ ಇಟ್ಟಿರುತ್ತೆ. ವರ್ಷಗಟ್ಟಲೆ ಕಾಯಬೇಕಿಲ್ಲ ಅನ್ನೋದೇ ಇದರ ಬಲ. ಎಕ್ಸ್‌ಬಾಕ್ಸ್ 360ರ ಸಾನಿಕ್ ಅನ್‌ಲೀಷ್ಡ್ (2008) ಪಿಸಿಗೆ ಅಧಿಕೃತವಾಗಿ ಬಂದೇ ಇರಲಿಲ್ಲ, 2025ರ ಮಾರ್ಚಲ್ಲಿ ಇದೇ ಬಗೆಯ ದಾರೀಲಿ ಬಂತು.

ರಿಕಂಪೈಲ್ಡ್‌ಗೆ ಡೈರೆಕ್ಟ್3ಡಿ 12 ಅಥವಾ ವಲ್ಕನ್ 1.2 ಬೇಕು. ಇಂಟೆಲ್‌ನಲ್ಲಾದ್ರೆ ಸ್ಕೈಲೇಕ್ (ಆರನೇ ಜನರೇಷನ್) ಕಾಲದ ಎಚ್‌ಡಿ 510ರಿಂದ ಮೇಲಕ್ಕೆ. ನಿನ್ನದಕ್ಕೆ ಆಗಲ್ಲ. ಮೊದಲನೆಯದನ್ನೇ ಹಾಕ್ಕೋ.

ಕೊಪ್ಪದ_ಕಾಫಿ
ರಿಕಂಪೈಲ್ಡ್‌ನಲ್ಲಿ ಆಟೊಸೇವ್ ಇದೆಯಲ್ಲ, ಮಲೆನಾಡಿಗೆ ಅದೇ ದೊಡ್ಡ ವರ. ಮೂಲ ಮೇಜೊರಾದ ಇಂಗ್ಲಿಷ್ ಆವೃತ್ತೀಲಿ ಆಟದೊಳಗಿನ ಗೂಬೆ ಕಲ್ಲಿನ ಹತ್ರ ಸೇವ್ ಮಾಡಿ ಬಿಟ್ರೆ, ಪುನಃ ತೆರೆದ ತಕ್ಷಣ ಆ ಸೇವ್ ಅಳಿಸಿ ಹೋಗುತ್ತೆ. ಗಟ್ಟಿ ಸೇವ್ ಬೇಕು ಅಂದ್ರೆ ಆಟದ ಕಥೆ ಸುತ್ತೋ ಮೂರು ದಿನದ ಚಕ್ರವನ್ನ ಪುನಃ ಮೊದಲ ದಿನಕ್ಕೆ ತಿರುಗಿಸಬೇಕು. ಈ ಕಡೆ ಗಾಳಿ ಬೀಸಿದ್ರೆ ಮರ ಲೈನ್ ಮೇಲೆ, ಕರೆಂಟ್ ಬರೋದು ನಾಡಿದ್ದು. ಆಟದಲ್ಲಿ ದೇವಸ್ಥಾನದ ಕೊನೇವರೆಗೂ ಹೋಗಿ ಎಲ್ಲಾ ಕಳ್ಕೊಂಡು, ಕತ್ತಲೇಲಿ ಕೂತು ಬೈದಿದ್ದು ನೆನಪಿದೆ.

ಭದ್ರಾವತಿ_ಬಾಯ್ಲರ್
ಯುಪಿಎಸ್ ಹಾಕ್ಸಿ ಮಾರಾಯ್ರೆ.

ಕೊಪ್ಪದ_ಕಾಫಿ
ಯುಪಿಎಸ್ ಬ್ಯಾಟರಿ ಅಪ್ಪನ ಟಿವಿಗೆ. ಧಾರಾವಾಹಿ ಮುಗಿಯೋವರೆಗೆ ನಮಗೆ ಹಕ್ಕಿಲ್ಲ.

ಗೋಪಿಸರ್ಕಲ್_ಗುರು
ಎಲ್ಲಾ ಬಿಡಿ, ಮುಸ್ತಫಾ ಪೋರ್ಟ್ ಇದೆಯಾ?

ಹುಂಚದಕಟ್ಟೆ
ಬಂತು ನೋಡು ನಿಜವಾದ ಪ್ರಶ್ನೆ.

ಕ್ಯಾಸೆಟ್_ಊದೋನು
ಅದರ ಹೆಸರು ಮುಸ್ತಫಾ ಅಲ್ಲ. ಕ್ಯಾಡಿಲ್ಯಾಕ್ಸ್ ಅಂಡ್ ಡೈನೊಸಾರ್ಸ್, ಕ್ಯಾಪ್‌ಕಾಮ್, 1993. ಮುಸ್ತಫಾ ಅದರಲ್ಲಿರೋ ನಾಲ್ವರಲ್ಲಿ ಒಬ್ಬ, ಹಳದಿ ಟೋಪಿಯವನು. ಆ ಆರ್ಕೇಡ್ ಆಟ ಯಾವ ಮನೆ ಕನ್ಸೋಲಿಗೂ ಅಧಿಕೃತವಾಗಿ ಬರಲಿಲ್ಲ. ಅದೇ ಹೆಸರಲ್ಲಿ ಸೆಗಾ ಸಿಡಿಗೆ ಬಂದಿದ್ದು ಕಾರು ಓಡಿಸೋ ಬೇರೆ ಆಟ.

ಗೋಪಿಸರ್ಕಲ್_ಗುರು
ಹೆಸರು ಏನೇ ಇರಲಿ ಅಣ್ಣ, ಕಾಯಿನ್ ಹಾಕಿ "ಮುಸ್ತಫಾ ನಂದು" ಅಂತ ಹೊಡೆದಾಡಿದ್ದು ನಾವೇ. ಪಾರ್ಲರ್‌ನವನು ಜಾಯ್‌ಸ್ಟಿಕ್ ಮುರಿದ್ರೆ ಮನೆಗೆ ದೂರು ಕೊಡ್ತಿದ್ದ. ಸರಿ, ಜಿಟಿಎ ವೈಸ್ ಸಿಟಿ?

ಲಾಯರ್_ಗೌಡ್ರು
ಅದು 2003ರಲ್ಲೇ ಪಿಸಿಗೆ ಬಂದಿದೆಯಲ್ಲ ತಮ್ಮಾ. ನೀವು ಕೇಳ್ತಿರೋದು ಅಭಿಮಾನಿಗಳು ಬಿಚ್ಚಿ ಬರೆದ ಆವೃತ್ತಿ ಇರಬೇಕು. ಅದಕ್ಕೆ ಆಟದ ಒಡೆಯರಾದ ಟೇಕ್-ಟು ಕಂಪನಿ 2021ರ ಫೆಬ್ರವರಿಯಲ್ಲಿ ನೋಟಿಸ್ ಕೊಟ್ಟು ತೆಗೆಸಿತು. ಮಾಡಿದವರು ಪ್ರತಿನೋಟಿಸ್ ಕೊಟ್ಟರು, ಕೋಡ್ ಮತ್ತೆ ಮೇಲೆ ಬಂತು. ಸೆಪ್ಟೆಂಬರಲ್ಲಿ ಕಂಪನಿ ಕ್ಯಾಲಿಫೋರ್ನಿಯಾದಲ್ಲಿ ದಾವೆಯನ್ನೇ ಹೂಡಿತು. ನಿಂಟೆಂಡೊ ಆಟಗಳ ಡಿಕಂಪೈಲ್ ಕೋಡ್ ಇನ್ನೂ ಉಳಿದುಕೊಂಡಿದೆ ಅಂತ ಎಲ್ಲಾ ಪ್ರಾಜೆಕ್ಟೂ ಸುರಕ್ಷಿತ ಅಂದುಕೊಳ್ಳಬೇಡಿ. ಯಾವ ಕಂಪನಿಗೆ ಯಾವಾಗ ಸಿಟ್ಟು ಬರುತ್ತೆ ಹೇಳೋಕಾಗಲ್ಲ.

ಭದ್ರಾವತಿ_ಬಾಯ್ಲರ್
ಅದಾಗಿ ಎರಡೇ ತಿಂಗಳಿಗೆ ಕಂಪನಿಯವರದ್ದೇ ಡೆಫಿನಿಟಿವ್ ಎಡಿಷನ್ ಬಂತಲ್ಲ. ಮಳೆ ಬಂದ್ರೆ ರಸ್ತೆನೇ ಕಾಣ್ತಿರಲಿಲ್ಲ, ಮುಖಗಳು ಮೇಣದ ಗೊಂಬೆ. ಹಳೇ ಆವೃತ್ತಿನೂ ಅಂಗಡಿಯಿಂದ ಎತ್ತಿಟ್ಟಿದ್ರು, ಜನ ಬೈದ ಮೇಲೆ ವಾಪಸ್ ಇಟ್ರು. ದುಡ್ಡು ತಗೊಂಡು ಮಾಡಿದ್ದು ಹಂಗೆ, ಪುಕ್ಕಟೆ ಮಾಡಿದವರದ್ದು ಹಿಂಗೆ.

ಸಾಗರದಕ್ಕ
ಎಲ್ಲಾ ಅಧಿಕೃತ ಪೋರ್ಟೂ ಹಂಗೇನಿಲ್ಲ. ಡೂಮ್ 64 ತಗೋ. 1997ರ ಆಟ, 2020ರ ಮಾರ್ಚಲ್ಲಿ ಪಿಸಿಗೆ ಬಂತು, ಹೊಸ ಮಟ್ಟಗಳನ್ನೂ ಸೇರಿಸಿ ಚೊಕ್ಕ ಮಾಡಿದಾರೆ. ರಿಯಾಯಿತಿ ಬಂದಾಗ ಒಂದು ಮಸಾಲೆ ದೋಸೆ, ಕಾಫಿ ದುಡ್ಡಿಗೆ ಸಿಕ್ಕಿದ್ದೂ ಇದೆ. @ಬಾಳೆಬೈಲು_ಹುಡುಗ ನೀನು ಕಾನೂನು ಬಗ್ಗೆ ತಲೆ ಕೆಡಿಸ್ಕೊಂಡಿದ್ರೆ ಮೊದಲು ಅಲ್ಲಿಂದ ಶುರು ಮಾಡು. ಮಂಜೂ ಸಾಕಷ್ಟು ಉಳಿದಿದೆ, ಊದೋ ಅಣ್ಣನಿಗೂ ತಕರಾರು ಇರಲ್ಲ.

ಕ್ಯಾಸೆಟ್_ಊದೋನು
ಅದು ಒಪ್ಪಿದೆ. ಕತ್ತಲೂ ಮೂಲದಷ್ಟೇ ಇಟ್ಟಿದಾರೆ, ಬೇಕಾದವರಿಗೆ ಬೆಳಕು ಏರಿಸೋ ಪಟ್ಟಿ ಬೇರೆ.

ಬಾಳೆಬೈಲು_ಹುಡುಗ
ಸರಿ ಅಕ್ಕಾ, ಅದನ್ನೇ ತಗೋತೀನಿ. ಇನ್ನೊಂದು ತಲೇಲಿದೆ. ಕೋಡ್ ಕೈಯಲ್ಲಿ ಇದೆ ಅಂದ್ರಲ್ಲ, ಹಂಗಾದ್ರೆ ಒಕಾರಿನಾದ ಡೈಲಾಗನ್ನ ಕನ್ನಡದಲ್ಲಿ ಹಾಕಬಹುದಾ? ನಮ್ಮ ಅಕ್ಕನ ಮಗಳು ಪಕ್ಕದಲ್ಲಿ ಕೂತು ಪ್ರತಿ ಸಾಲಿಗೂ "ಅವನು ಎಂತ ಹೇಳಿದ" ಅಂತ ಕೇಳ್ತಾಳೆ.

ಸಾಗರದಕ್ಕ
ಒಳ್ಳೇ ಪ್ರಶ್ನೆ ಕೇಳಿದೆ. ಪಠ್ಯ ಬದಲಾಯಿಸೋದು ಕಷ್ಟ ಅಲ್ಲ, ಅಕ್ಷರ ಮೂಡಿಸೋದೇ ಕಷ್ಟ. ಇಂಗ್ಲಿಷ್ ಆವೃತ್ತೀಲಿ ಒಂದು ಅಕ್ಷರಕ್ಕೆ ಒಂದು ಬೈಟ್, ಅದಕ್ಕೊಂದು 16×16 ಪಿಕ್ಸೆಲ್ ಚಿತ್ರ, ಪಕ್ಕಪಕ್ಕ ಜೋಡಿಸ್ತಾ ಹೋಗುತ್ತೆ ಅಷ್ಟೆ. ಕನ್ನಡದಲ್ಲಿ ಒತ್ತು ಕೆಳಗೆ ಹೋಗುತ್ತೆ, ಗುಣಿತ ಮೇಲೆ ಏರುತ್ತೆ, ದೀರ್ಘ ಪಕ್ಕಕ್ಕೆ ಬರುತ್ತೆ. ಬಿಡಿ ಅಕ್ಷರ ಸಾಲಾಗಿ ಇಟ್ರೆ ಹಳೇ ಮೊಬೈಲಲ್ಲಿ ಕನ್ನಡ ಒಡೆದು ಚೂರಾಗ್ತಿತ್ತಲ್ಲ, ಅದೇ ಗತಿ.

ದಾರಿ ಎರಡಿದೆ. ಆಟದ ಪಠ್ಯದಲ್ಲಿ ನಿಜವಾಗಿ ಬರೋ ಅಕ್ಷರಗುಚ್ಛಗಳನ್ನ ಮಾತ್ರ ಪಟ್ಟಿ ಮಾಡಿ, ಒಂದೊಂದನ್ನೂ ಇಡಿಯಾಗಿ ಚಿತ್ರ ಮಾಡೋದು. ಜಪಾನಿ ಆವೃತ್ತಿ ಅಕ್ಷರಕ್ಕೆ ಎರಡು ಬೈಟ್ ಬಳಸುತ್ತೆ, ಆ ಮಾದರೀಲಿ ಹೋದ್ರೆ ಸಾವಿರಾರು ಚಿತ್ರಕ್ಕೂ ಜಾಗ ಇರುತ್ತೆ. ಇಲ್ಲ ಅಂದ್ರೆ ಪೋರ್ಟಿನೊಳಗೇ ಒತ್ತು, ಗುಣಿತ ಸರಿಯಾಗಿ ಕೂರಿಸೋ ಹಾರ್ಫ್‌ಬಝ್ ಲೈಬ್ರರಿ ಸೇರಿಸಿ, ಸಾಲು ಪೂರ್ತಿ ಅದರಿಂದ ಜೋಡಿಸಿ ಬರೆಯೋದು. ಎರಡನೆಯದು ಸರಿಯಾದ ಕೆಲಸ, ಆದ್ರೆ ಅಕ್ಷರ ಒಂದೊಂದಾಗಿ ಮೂಡೋ ಆ ಪರಿಣಾಮನ ಪುನಃ ಕಟ್ಟಬೇಕಾಗುತ್ತೆ.

ಲಾಯರ್_ಗೌಡ್ರು
ಅನುವಾದಿಸಿದ ಡೈಲಾಗ್ ಹಂಚೋದೂ ಕೃತಿಸ್ವಾಮ್ಯದೊಳಗೇ ಬರುತ್ತೆ.

ಭದ್ರಾವತಿ_ಬಾಯ್ಲರ್
ಗೌಡ್ರೇ, ಅಕ್ಕನ ಮಗಳಿಗೆ ಓದಿ ಹೇಳೋಕೂ ನೋಟಿಸ್ ಬರುತ್ತಾ?

ಲಾಯರ್_ಗೌಡ್ರು
ಮನೆಯೊಳಗೆ ಓದಿ. ಅಪ್‌ಲೋಡ್ ಮಾಡಿದ್ರೆ ನನ್ನ ಹತ್ರ ಬನ್ನಿ, ಫೀಸ್ ಮಾತಾಡಣ.

ಕ್ಯಾಸೆಟ್_ಊದೋನು
ಒಕಾರಿನಾದಲ್ಲಿ ಬರೋ ಆ ಗೂಬೆ ಮಾತಾಡೋದು ಮಾತ್ರ ಗ್ರಾಂಥಿಕದಲ್ಲಿ ಇರಲಿ. ಮಿಕ್ಕವರೆಲ್ಲ ನಮ್ಮ ಕಡೆ ಭಾಷೆ ಆಡಲಿ.

ಹುಂಚದಕಟ್ಟೆ
ವಿರೋಧಿಗಳು ಅನುವಾದ ಸಮಿತಿಗೆ ಸೇರಿದ್ರು.

ಸಾಗರದಕ್ಕ
ಮೊದಲ ದಾರಿ ಪರೀಕ್ಷೆ ಮಾಡಣ. ಆಟ ಶುರುವಾಗೋ ಕೊಕಿರಿ ಹಳ್ಳಿಯ ಡೈಲಾಗ್ ಒಂದಿಷ್ಟು ಅನುವಾದ ಮಾಡಿ, ಅದರಲ್ಲಿ ಎಷ್ಟು ಬೇರೆ ಬೇರೆ ಗುಚ್ಛ ಬರ್ತವೆ ಅಂತ ಎಣಿಸೋ ಸ್ಕ್ರಿಪ್ಟ್ ಬರೀತೀನಿ. ಅಷ್ಟರೊಳಗೆ ಯಾರಾದ್ರೂ 16×16ರಲ್ಲಿ "ಸ್ತ್ರೀ" ಓದೋ ಹಂಗೆ ಬರೆದು ತೋರಿಸಿ.

ಭದ್ರಾವತಿ_ಬಾಯ್ಲರ್
ಎತ್ತರ ಸಾಲಲ್ಲ. 24 ಕೊಟ್ರೆ ಬರೀತೀನಿ.

ಸಾಗರದಕ್ಕ
24 ಆದ್ರೆ ಡೈಲಾಗ್ ಪೆಟ್ಟಿಗೇಲಿ ನಾಲ್ಕು ಸಾಲು ಹಿಡಿಯಲ್ಲ.

ಭದ್ರಾವತಿ_ಬಾಯ್ಲರ್
ಎರಡು ಸಾಲು ಸಾಕು. ಆ ಗೂಬೆ ಹೆಂಗಿದ್ರೂ ಜಾಸ್ತಿ ಮಾತಾಡುತ್ತೆ.